ಬೀಜಿಂಗ್ ಅರಮನೆ ನೋಡಲು ಗೈಡ್ ಬೇಕೇ? ಮಂಡಿನೋವಿನ ಅಮ್ಮ ನಡೆಯಬಲ್ಲರೇ?

ಪ್ರಶ್ನೆ: ನಾವು ಮೈಸೂರಿನವರು. ಅಕ್ಟೋಬರ್‌ನಲ್ಲಿ ನಾನು, ನನ್ನ ಹೆಂಡತಿ, 12 ವರ್ಷದ ಮಗ ಮತ್ತು 68 ವರ್ಷದ ಅಮ್ಮ ಬೀಜಿಂಗ್‌ಗೆ ಹೋಗುತ್ತಿದ್ದೇವೆ. ಅಲ್ಲಿನ ಚಕ್ರವರ್ತಿಗಳ ಹಳೆಯ ಅರಮನೆ ಫರ್ಬಿಡನ್ ಸಿಟಿ ನೋಡಲು ಇಂಗ್ಲಿಷ್ ಗೈಡ್ ಇರುವ ಸಣ್ಣ ಗುಂಪಿನ ಟೂರ್‌ಗಳು ಸಿಗುತ್ತವೆ. ಬರೀ ಟಿಕೆಟ್ ತೆಗೆದುಕೊಂಡು ನಾವೇ ಹೋದರೆ ಖರ್ಚು ಎಷ್ಟೋ ಕಡಿಮೆ. ಗೈಡ್‌ಗೆ ಕೊಡುವ ಹಣ ಸಾರ್ಥಕವೇ? ಅಮ್ಮನಿಗೆ ಮಂಡಿನೋವಿದೆ, ಅಷ್ಟು ನಡೆಯಲು ಆಗುತ್ತದೆಯೇ? ಅರಮನೆ, ಮಹಾಗೋಡೆ ಎರಡನ್ನೂ ಒಂದೇ ದಿನದಲ್ಲಿ ತೋರಿಸುವ ಪ್ಯಾಕೇಜ್ ತೆಗೆದುಕೊಳ್ಳಬಹುದೇ?

ಉತ್ತರ: ಗೈಡ್ ಇರುವ ಸಣ್ಣ ಗುಂಪಿನ ಜೊತೆಗೇ ಹೋಗಿ, ಹಣ ದಂಡವಾಗುವುದಿಲ್ಲ. ಆದರೆ ಟೂರ್ ಆರಿಸುವಾಗ ಬೆಲೆ, ಸ್ಟಾರ್, ಫೋಟೊಗಳನ್ನೆಲ್ಲ ಪಕ್ಕಕ್ಕಿಟ್ಟು ಎರಡು ವಿಷಯ ವಿಚಾರಿಸಿ. ಗೈಡ್ ನಡುದಾರಿ ಬಿಟ್ಟು ಪೂರ್ವದ ಅಂಗಳಗಳಿಗೂ ಕರೆದೊಯ್ಯುತ್ತಾರೆಯೇ? ಟೂರ್ ಅರಮನೆಯ ಒಳಗೇ ಮುಗಿಯುತ್ತದೆಯೇ, ಇಲ್ಲ ನಿಮ್ಮನ್ನು ಹೊರಬಾಗಿಲ ತನಕ ತಂದು ಬಿಟ್ಟುಬಿಡುತ್ತಾರೆಯೇ? ನಿಮ್ಮ ದಿನ ಹೇಗೆ ಕಳೆಯುತ್ತದೆ ಎನ್ನುವುದು ಈ ಎರಡು ಉತ್ತರಗಳ ಮೇಲೆ ನಿಂತಿದೆ.

ಮೈಸೂರಿನವರಾದ ನಿಮಗೆ ಅರಮನೆ ಎಂದರೆ ಚಪ್ಪಲಿ ಬಿಟ್ಟು ಒಳಗೆ ಹೋಗಿ, ಕಲ್ಯಾಣ ಮಂಟಪ, ದರ್ಬಾರ್ ಹಾಲ್ ಎಂದು ಒಂದೊಂದಾಗಿ ನೋಡುತ್ತಾ ನಡೆಯುವ ಒಂದೇ ದೊಡ್ಡ ಕಟ್ಟಡ. ಬೀಜಿಂಗ್‌ನದು ಗೋಡೆಯೊಳಗಿನ ಊರು. ಉತ್ತರ-ದಕ್ಷಿಣ 961 ಮೀಟರ್, ಪೂರ್ವ-ಪಶ್ಚಿಮ 753 ಮೀಟರ್. ಸುತ್ತ 10 ಮೀಟರ್ ಎತ್ತರದ ಗೋಡೆ, ಅದರಾಚೆ 52 ಮೀಟರ್ ಅಗಲದ ಕಂದಕ, ಒಳಗೆ ಸುಮಾರು 8,700 ಕೋಣೆಗಳು. ನಡುದಾರಿಯ ಮುಖ್ಯ ಸಭಾಂಗಣಗಳ ಒಳಗೆ ಕಾಲಿಡಲು ಯಾರನ್ನೂ ಬಿಡುವುದಿಲ್ಲ. ಬಾಗಿಲಲ್ಲಿ ಜನರ ನಡುವೆ ಕತ್ತು ಚಾಚಿ ಇಣುಕಬೇಕು. ಒಳಗೆ ಸಿಂಹಾಸನ, ನಾಲ್ಕು ಕಂಬ, ಕತ್ತಲು. ಹೀಗಾಗಿ ಗೈಡ್ ಇಲ್ಲದೆ ಬಂದವರಲ್ಲಿ ಬಹಳ ಮಂದಿ ಮಾಡುವುದಿಷ್ಟೇ: ದಕ್ಷಿಣದ ವುಮೆನ್ ಬಾಗಿಲಲ್ಲಿ ಒಳಗೆ ಬಂದು, ಜನ ಹೋದತ್ತ ನೇರ ನಡೆದು, ಪ್ರತಿ ಸಭಾಂಗಣದ ಮುಂದೆ ಒಂದು ಫೋಟೊ ತೆಗೆದು, ಉತ್ತರದ ಶೆನ್‌ವುಮೆನ್ ಬಾಗಿಲಲ್ಲಿ ಹೊರಬೀಳುತ್ತಾರೆ. ಎಲ್ಲಾ ಕಟ್ಟಡವೂ ಒಂದೇ ಥರ ಕಂಡಿತು, ಒಳಗೆ ಏನೂ ಇರಲಿಲ್ಲ ಎಂದು ಊರಿಗೆ ಬಂದು ಹೇಳುತ್ತಾರೆ. ಈ ಮಾತು ಕೇಳಿದಾಗಲೆಲ್ಲ ನನಗೆ ಬೇಸರವಾಗುತ್ತದೆ, ಏಕೆಂದರೆ ಆ ಕಟ್ಟಡಗಳು ಒಂದೇ ಥರ ಇಲ್ಲ. ವ್ಯತ್ಯಾಸ ಎಲ್ಲಿದೆ ಎಂದು ಪಕ್ಕದಲ್ಲಿ ನಿಂತು ತೋರಿಸುವವರು ಬೇಕು, ಅಷ್ಟೇ.

ಒಂದು ಉದಾಹರಣೆ ಕೊಡುತ್ತೇನೆ, ನಿಮ್ಮ ಮಗನಿಗೂ ಇದು ಹಿಡಿಸುತ್ತದೆ. ಯಾವುದೇ ಸಭಾಂಗಣದ ಮುಂದೆ ನಿಂತು ಮೇಲ್ಛಾವಣಿಯ ಮೂಲೆ ನೋಡಿ. ಹಳದಿ ಹೆಂಚಿನ ಏಣು ಕೆಳಗಿಳಿದು ಬರುವ ಕಡೆ ಪುಟ್ಟ ಪುಟ್ಟ ಪ್ರಾಣಿಗಳು ಸಾಲಾಗಿ ಕೂತಿರುತ್ತವೆ. ಎಲ್ಲಕ್ಕೂ ಮುಂದೆ, ಅಂಚಿನಲ್ಲಿ, ಹಕ್ಕಿಯ ಮೇಲೆ ಕೂತ ಒಬ್ಬ ಮನುಷ್ಯ. ಅವನನ್ನು ಬಿಟ್ಟು ಹಿಂದಿನ ಪ್ರಾಣಿಗಳನ್ನು ಎಣಿಸಬೇಕು. ರಾಜ್ಯದ ಅತಿ ದೊಡ್ಡ ವಿಧಿಗಳು ನಡೆಯುತ್ತಿದ್ದ ತೈಹೆ ಸಭಾಂಗಣದ ಮೇಲೆ ಹತ್ತು. ಚಕ್ರವರ್ತಿಯ ನಿವಾಸವಾಗಿದ್ದ ಚಿಯಾನ್‌ಚಿಂಗ್ ಮೇಲೆ ಒಂಬತ್ತು. ಪಟ್ಟದರಸಿಯ ಕುನ್‌ನಿಂಗ್ ಮೇಲೆ ಏಳು. ಉಪರಾಣಿಯರ ಅಂಗಳಗಳಿಗೆ ಹೋದರೆ ಐದಕ್ಕೆ ಇಳಿಯುತ್ತದೆ. ಯಾರ ಮನೆ ಯಾವ ದರ್ಜೆಯದು ಎನ್ನುವುದನ್ನು ಸೂರಿನ ಮೇಲೇ ಬರೆದಿಟ್ಟಿದ್ದಾರೆ. ಇದೊಂದು ಗೊತ್ತಾದ ಮೇಲೆ ಹುಡುಗ ಪ್ರತಿ ಅಂಗಳದಲ್ಲೂ ತಾನಾಗಿ ತಲೆಯೆತ್ತಿ ಎಣಿಸುತ್ತಾನೆ, ಬೇಜಾರು ಅನ್ನುವುದಿಲ್ಲ.

ಹತ್ತು ಪ್ರಾಣಿಗಳಿರುವುದು ತೈಹೆ ಮೇಲೆ ಮಾತ್ರ. ಆ ಹತ್ತನೆಯದು ರೆಕ್ಕೆಯಿರುವ ಕೋತಿಯಂಥ ಜೀವಿ, ಹೆಸರು ಹಾಂಗ್‌ಶಿ. ಅದರ ಕೈಯಲ್ಲಿರುವುದು ವಜ್ರಾಯುಧ. ಬೌದ್ಧ ಧರ್ಮದ ಜೊತೆ ಭಾರತದಿಂದ ಹೋದ ವಜ್ರ ಅಲ್ಲಿ ಸಿಡಿಲು ತಡೆಯುವ ಕೆಲಸಕ್ಕೆ ನಿಂತಿದೆ. ಸಿಡಿಲಿನ ಭಯ ಸುಮ್ಮನೆ ಹುಟ್ಟಿದ್ದಲ್ಲ. ಮಿಂಗ್ ವಂಶದ ಯೊಂಗ್ಲೆ ಚಕ್ರವರ್ತಿ 1406ರಲ್ಲಿ ಈ ಅರಮನೆಯ ಕೆಲಸ ಶುರು ಮಾಡಿಸಿ 1420ರಲ್ಲಿ ಮುಗಿಸಿದ. ನೌಕಾಧಿಪತಿ ಝೆಂಗ್ ಹ ಮುಂದಾಳುತನದಲ್ಲಿ ಕಲ್ಲಿಕೋಟೆ, ಕೊಚ್ಚಿಗೆ ಹಡಗುಗಳನ್ನು ಕಳಿಸಿದವನೂ ಇವನೇ. ಮರುವರ್ಷ, 1421ರಲ್ಲಿ, ಸಿಡಿಲು ಬಡಿದು ಮುಂದಿನ ಮೂರು ಮಹಾ ಸಭಾಂಗಣಗಳೂ ಸುಟ್ಟುಹೋದವು. ಆಮೇಲೆಯೂ ಬೆಂಕಿ ಮತ್ತೆ ಮತ್ತೆ ಬಿತ್ತು. ಈಗ ನೀವು ನೋಡುವ ತೈಹೆ 1690ರ ದಶಕದಲ್ಲಿ ಮತ್ತೆ ಕಟ್ಟಿದ್ದು. ಇಡೀ ಊರೇ ಮರದ್ದು ಎನ್ನುವುದನ್ನು ನೆನಪಿಟ್ಟುಕೊಂಡು ಸುತ್ತ ನೋಡಿ, ಅಲ್ಲಲ್ಲಿ ದೊಡ್ಡ ದೊಡ್ಡ ಕಂಚಿನ, ಕಬ್ಬಿಣದ ಹಂಡೆಗಳು ಕಾಣುತ್ತವೆ. ಮಿಂಗ್ ನಂತರ ಆಳಿದ ಚಿಂಗ್ ವಂಶದ ಕಾಲದಲ್ಲಿ ಇಂಥವು 308 ಇದ್ದವು. ಬೆಂಕಿ ಆರಿಸಲು ಸದಾ ನೀರು ತುಂಬಿಟ್ಟಿರಬೇಕು. ಬೀಜಿಂಗ್‌ನ ಚಳಿಗಾಲದಲ್ಲಿ ನೀರು ಗಡ್ಡೆ ಕಟ್ಟದಂತೆ ಹಂಡೆಯ ಬುಡದಲ್ಲಿ ಇದ್ದಿಲು ಉರಿಸುತ್ತಿದ್ದರು, ಅದಕ್ಕೇ ಕೆಳಗೆ ಕಲ್ಲಿನ ಒಲೆಯಂಥ ಪೀಠ.

ಆ ಹಂಡೆಗಳಲ್ಲಿ ಕೆಲವಕ್ಕೆ ಚಿನ್ನದ ಲೇಪವಿತ್ತು. ಹತ್ತಿರ ಹೋಗಿ ಮೈ ನೋಡಿ, ಉದ್ದುದ್ದ ಗೀರುಗಳು ಕಾಣುತ್ತವೆ. 1900ರಲ್ಲಿ, ವಿದೇಶಿಯರ ವಿರುದ್ಧ ಎದ್ದ ಬಾಕ್ಸರ್ ದಂಗೆ ಅಡಗಿಸಲು ಬಂದ ಎಂಟು ದೇಶಗಳ ಸೈನಿಕರು ಬಯೊನೆಟ್‌ನಿಂದ ಚಿನ್ನ ಕೆರೆದ ಗುರುತು ಅದು ಎಂದು ಗೈಡ್‌ಗಳು ಹೇಳುತ್ತಾರೆ. ಆ ಪಡೆಯ ಬ್ರಿಟಿಷ್ ತುಕಡಿಯಲ್ಲಿ ದೊಡ್ಡ ಸಂಖ್ಯೆಯಲ್ಲಿದ್ದವರು ಭಾರತೀಯ ಸಿಪಾಯಿಗಳು. 7ನೇ ರಜಪೂತ ರೆಜಿಮೆಂಟಿನ ಗದಾಧರ ಸಿಂಗ್ ಎನ್ನುವವರು ಅಲ್ಲಿ ಕಂಡ ಲೂಟಿಯನ್ನೂ ಚೀನೀ ಜನರ ಸಂಕಟವನ್ನೂ ಹಿಂದಿಯಲ್ಲಿ ಬರೆದಿಟ್ಟಿದ್ದಾರೆ. ಭಾರತದಿಂದ ಹೋದ ನಾವು ಆ ಹಂಡೆಯ ಮುಂದೆ ಅರ್ಧ ನಿಮಿಷ ಹೆಚ್ಚಿಗೆ ನಿಲ್ಲಬೇಕು ಎಂದು ನನ್ನ ಆಸೆ.

ಇನ್ನು "ಒಳಗೆ ಏನೂ ಇರಲಿಲ್ಲ" ಎನ್ನುವ ದೂರು. ನಿಮ್ಮ ಊರಿನ ಈಗಿನ ಅರಮನೆ ಕಟ್ಟಿ ಮುಗಿದದ್ದು 1912ರಲ್ಲಿ. ಅದೇ ವರ್ಷ ಬೀಜಿಂಗ್‌ನಲ್ಲಿ ಕೊನೆಯ ಚಕ್ರವರ್ತಿ, ಆರು ವರ್ಷದ ಪುಯಿ, ಸಿಂಹಾಸನ ಬಿಟ್ಟ. ಹಿಂದಿನ ಅಂಗಳಗಳಲ್ಲಿ ಇರಲು ಅವನಿಗೆ ಅವಕಾಶ ಕೊಟ್ಟಿದ್ದರು, 1924ರ ನವೆಂಬರ್‌ನಲ್ಲಿ ಅಲ್ಲಿಂದಲೂ ಹೊರಹಾಕಿದರು. 1925ರ ಅಕ್ಟೋಬರ್ 10ಕ್ಕೆ ಅರಮನೆ ಮ್ಯೂಸಿಯಂ ಆಯಿತು. ಜಪಾನಿನ ಸೇನೆ ಹತ್ತಿರ ಬಂದಾಗ, 1933ರಲ್ಲಿ, ಬೆಲೆಬಾಳುವ ವಸ್ತುಗಳನ್ನು 13,000ಕ್ಕೂ ಹೆಚ್ಚು ಪೆಟ್ಟಿಗೆಗಳಲ್ಲಿ ತುಂಬಿ ದಕ್ಷಿಣಕ್ಕೆ ಸಾಗಿಸಿದರು. ಯುದ್ಧ ಮುಗಿಯುವ ತನಕ ಅವು ಊರೂರು ಅಲೆದವು. ಚೀನಾದ ಅಂತರ್ಯುದ್ಧದ ಕೊನೆಯಲ್ಲಿ ಅವುಗಳಲ್ಲಿ ಸುಮಾರು 3,000 ಪೆಟ್ಟಿಗೆ ತೈವಾನಿಗೆ ಹೋದವು, ಇಂದಿಗೂ ತೈಪೆಯ ಮ್ಯೂಸಿಯಂನಲ್ಲಿವೆ. ಹಾಗೆಂದು ಬೀಜಿಂಗ್ ಬರಿದಾಗಿಲ್ಲ, ಈಗಲೂ 18 ಲಕ್ಷಕ್ಕೂ ಹೆಚ್ಚು ವಸ್ತುಗಳಿವೆ. ಅವು ನಡುದಾರಿಯ ಸಭಾಂಗಣಗಳಲ್ಲಿ ಇಲ್ಲ, ಪಕ್ಕದ ಗ್ಯಾಲರಿಗಳಲ್ಲಿವೆ. ಪೂರ್ವದ ಅಂಗಳಗಳನ್ನು ಕೇಳಿ ಎಂದು ಮೊದಲೇ ಹೇಳಿದ್ದು ಈ ಕಾರಣಕ್ಕೆ.

ಈಶಾನ್ಯ ಮೂಲೆಯಲ್ಲಿರುವುದು ಟ್ರೆಷರ್ ಗ್ಯಾಲರಿ, ಪ್ರತ್ಯೇಕ ಟಿಕೆಟ್, 10 ಯುವಾನ್. ಅರವತ್ತು ವರ್ಷ ಆಳಿದ ಚಿಯಾನ್‌ಲಾಂಗ್ ಚಕ್ರವರ್ತಿ ನಿವೃತ್ತಿಯ ದಿನಗಳಿಗೆಂದು ತನಗಾಗಿ ಕಟ್ಟಿಸಿಕೊಂಡ ಜಾಗ ಅದು. ಜಗುಲಿಗಳು ಚಿಕ್ಕವು, ಮರಗಳಿವೆ, ನಡುದಾರಿಯ ನೂಕುನುಗ್ಗಲು ಅರ್ಧಕ್ಕಿಂತ ಕಡಿಮೆ. ಒಳಗೆ ಹೋಗುತ್ತಿದ್ದಂತೆ ಒಂಬತ್ತು ಡ್ರ್ಯಾಗನ್‌ಗಳ ಗೋಡೆ ಸಿಗುತ್ತದೆ. 29 ಮೀಟರ್ ಉದ್ದ, ಪೂರ್ತಿ ಬಣ್ಣದ ಮೆರುಗಿನ ಹೆಂಚು. ಎದುರು ನಿಂತು ಎಡದಿಂದ ಮೂರನೆಯದಾದ ಬಿಳಿ ಡ್ರ್ಯಾಗನ್‌ನ ಹೊಟ್ಟೆ ನೋಡಿ. ಒಂದು ತುಂಡು ಮಾತ್ರ ಹೆಂಚಿನದಲ್ಲ, ಮರದ್ದು. ಸುಟ್ಟ ಹೆಂಚು ಒಡೆದುಹೋಗಿ, ಗಡುವಿನ ಭಯಕ್ಕೆ ಕುಶಲಕರ್ಮಿಯೊಬ್ಬ ರಾತ್ರೋರಾತ್ರಿ ಮರ ಕೆತ್ತಿ ಬಣ್ಣ ಬಳಿದು ಕೂರಿಸಿದ ಎಂದು ಕಥೆ. ಕಥೆ ನಿಜವೋ ಅಲ್ಲವೋ, ಮರದ ತುಂಡು ಮಾತ್ರ ನಿಜ. ಬಣ್ಣ ಮಾಸಿ ಈಗ ಸುಲಭವಾಗಿ ಕಣ್ಣಿಗೆ ಬೀಳುತ್ತದೆ. ಒಳ್ಳೆಯ ಗೈಡ್ ಹೀಗೆ ಕಥೆ ಯಾವುದು, ದಾಖಲೆ ಯಾವುದು ಎಂದು ಬಿಡಿಸಿ ಹೇಳುತ್ತಾರೆ. ಒಂಬತ್ತು ಸಾವಿರದ ಒಂಬೈನೂರ ತೊಂಬತ್ತೊಂಬತ್ತೂವರೆ ಕೋಣೆ ಎನ್ನುವ ದಂತಕಥೆಯನ್ನು ಇತಿಹಾಸದ ಧಾಟಿಯಲ್ಲಿ ಹೇಳುವ ಗೈಡ್ ಸಿಕ್ಕರೆ ಉಳಿದ ಮಾತನ್ನೂ ಸ್ವಲ್ಪ ಜಾಲಿಸಿಯೇ ಕೇಳಿ.

ಇದೇ ಭಾಗದ ಉತ್ತರದ ತುದಿಯಲ್ಲಿ ಒಂದು ಬಾವಿಯಿದೆ. ಬಾಯಿ ಎಷ್ಟು ಕಿರಿದೆಂದರೆ ಬಾವಿ ಎಂದು ನಂಬುವುದೇ ಕಷ್ಟ. 1900ರಲ್ಲಿ ವಿದೇಶಿ ಪಡೆಗಳು ಬಂದಾಗ ರಾಜಮಾತೆ ಸಿಷಿ ಊರು ಬಿಟ್ಟು ಓಡುವ ಮುನ್ನ, ಗ್ವಾಂಗ್‌ಶು ಚಕ್ರವರ್ತಿಯ ಪ್ರೀತಿಯ ಉಪರಾಣಿ ಝೆನ್ ಸತ್ತದ್ದು ಇದೇ ಬಾವಿಯಲ್ಲಿ. ಸಿಷಿಯ ಆಜ್ಞೆಯಂತೆ ದೂಡಿದರು ಎನ್ನುವುದು ಎಲ್ಲರೂ ಹೇಳುವ ಮಾತು. ಈ ಜಾಗ ಕಟ್ಟಿಸಿದ ಚಿಯಾನ್‌ಲಾಂಗ್‌ಗೆ ಮೊಘಲ್ ಶೈಲಿಯ ಜೇಡ್ ಕಲ್ಲಿನ ಬಟ್ಟಲುಗಳ ಹುಚ್ಚೂ ಇತ್ತು. "ಹಿಂದುಸ್ತಾನದ ಜೇಡ್" ಎಂದೇ ಕರೆದು, ಮೆಚ್ಚಿ ಕವಿತೆ ಬರೆದು ಅವುಗಳ ಮೇಲೇ ಕೆತ್ತಿಸಿದ್ದಾನೆ. ಕಾಗದದಷ್ಟು ತೆಳು ಕೆತ್ತನೆಯವು. ಪ್ರದರ್ಶನದಲ್ಲಿ ಇವೆಯೇ, ಯಾವ ಕೋಣೆಯಲ್ಲಿ ಎಂದು ಗೈಡ್‌ನ ಬಳಿ ಕೇಳಿ. ವಸ್ತುಗಳನ್ನು ಆಗಾಗ ಬದಲಾಯಿಸುತ್ತಿರುತ್ತಾರೆ.

ಈಗ ಟೂರ್ ಆರಿಸುವ ವಿಚಾರ. "ಸಣ್ಣ ಗುಂಪು" ಎಂದು ಬರೆದವರೆಲ್ಲರ ಗುಂಪೂ ಸಣ್ಣದಿರುವುದಿಲ್ಲ. ಗರಿಷ್ಠ ಎಷ್ಟು ಮಂದಿ ಎಂದು ಸಂಖ್ಯೆಯಲ್ಲಿ ಕೇಳಿ. ನನ್ನ ಅಭಿಪ್ರಾಯದಲ್ಲಿ ಹತ್ತರ ಒಳಗಿದ್ದರೆ ಒಳ್ಳೆಯದು, ಹದಿನೈದು ದಾಟಿದರೆ ಕೊನೆಯವರು ಬಂದು ಸೇರುವಷ್ಟರಲ್ಲಿ ಗೈಡ್ ಮಾತು ಮುಗಿಸಿ ಮುಂದೆ ನಡೆದಿರುತ್ತಾರೆ. ಎಷ್ಟೇ ಮಂದಿಯಿದ್ದರೂ ಕಿವಿಗೆ ಹಾಕುವ ಹೆಡ್‌ಸೆಟ್ ಕೊಡುತ್ತಾರೆಯೇ ಎಂದು ವಿಚಾರಿಸಿ, ಅದಿಲ್ಲದೆ ಆ ಗದ್ದಲದಲ್ಲಿ ಏನೂ ಕೇಳಿಸದು. ಟೀ ಅಂಗಡಿ, ರೇಷ್ಮೆ ಅಂಗಡಿ, ಜೇಡ್ ಫ್ಯಾಕ್ಟರಿ ಎಂದು ಎಲ್ಲೂ ನಿಲ್ಲಿಸುವುದಿಲ್ಲ ಎನ್ನುವುದನ್ನು ಬರಹದಲ್ಲಿ ತೆಗೆದುಕೊಳ್ಳಿ. ನೀವು ನಾಲ್ವರಿದ್ದೀರಿ, ಹಾಗಾಗಿ ನಿಮಗಷ್ಟೇ ಒಬ್ಬ ಗೈಡ್ ಅನ್ನು ಅರ್ಧ ದಿನಕ್ಕೆ ಗೊತ್ತುಮಾಡುವ ದರವನ್ನೂ ಕೇಳಿ ನೋಡಿ. ನಾಲ್ಕು ತಲೆಗೆ ಹಂಚಿದಾಗ ವ್ಯತ್ಯಾಸ ಅಷ್ಟೇನೂ ಇಲ್ಲದಿದ್ದರೆ, ಅಮ್ಮನ ನಡಿಗೆಯ ವೇಗಕ್ಕೆ ಅದೇ ಲೇಸು. ಬಾಗಿಲ ಬಳಿ ತಾವಾಗಿ ಬಂದು ಮಾತಾಡಿಸುವವರನ್ನು ಮಾತ್ರ ನಂಬಬೇಡಿ. ಅಲ್ಲಿ ಗೈಡ್‌ಗಳಿಗೆ ಸರ್ಕಾರದ ಪರವಾನಗಿ ಇರಬೇಕು, ಕಾರ್ಡ್ ತೋರಿಸಿ ಎಂದು ಕೇಳುವುದರಲ್ಲಿ ತಪ್ಪಿಲ್ಲ.

ಟೂರ್ ಒಳಗೇ ಮುಗಿಯಲಿ ಎಂದದ್ದಕ್ಕೆ ಕಾರಣವಿದೆ. ಒಮ್ಮೆ ಹೊರಬಂದರೆ ಅದೇ ಟಿಕೆಟ್‌ನಲ್ಲಿ ಮತ್ತೆ ಒಳಗೆ ಬಿಡುವುದಿಲ್ಲ. ಒಳಗಿದ್ದರೆ ಸಂಜೆ ಮುಚ್ಚುವ ತನಕ ಇರಬಹುದು. ಬೆಳಿಗ್ಗೆ 8:30ಕ್ಕೆ ತೆರೆದಾಗಲೇ ಗೈಡ್ ಜೊತೆ ಒಳಗೆ ಹೋಗಿ, ಮೂರು ಗಂಟೆ ಕೇಳಿ ನೋಡಿ, ಆಮೇಲೆ ಅವರನ್ನು ಬೀಳ್ಕೊಟ್ಟು, ಎಲ್ಲಾದರೂ ಕೂತು ಸುಧಾರಿಸಿಕೊಂಡು, ಇಷ್ಟವಾದ ಅಂಗಳಕ್ಕೆ ನೀವೇ ಮತ್ತೆ ಹೋಗಿ. ನಾನು ಯಾರನ್ನೇ ಕಳಿಸಿದರೂ ಇದೇ ಹೇಳುವುದು. ಗೈಡ್ ಮಾತು ಕೇಳಿದ ಮೇಲೆ ಒಬ್ಬರೇ ನೋಡುವ ಆ ಒಂದೆರಡು ಗಂಟೆಯೇ ಮನಸ್ಸಿನಲ್ಲಿ ಉಳಿಯುತ್ತದೆ.

ಅಮ್ಮನ ವಿಷಯ. ನೆಟ್ಟಗೆ ನಡೆದರೇ ಒಂದು ಕಿಲೋಮೀಟರ್, ಪಕ್ಕದ ಅಂಗಳಗಳು, ಮೆಟ್ರೊದಿಂದ ಬಾಗಿಲ ತನಕದ ದಾರಿ ಎಲ್ಲಾ ಸೇರಿದರೆ ಅದರ ಮೂರು-ನಾಲ್ಕು ಪಟ್ಟು. ನೆಲ ಹಳೆಯ ಕಲ್ಲು, ಇಟ್ಟಿಗೆ, ಸಮತಟ್ಟಿಲ್ಲ. ಅಲ್ಲಲ್ಲಿ ಎತ್ತರದ ಹೊಸ್ತಿಲುಗಳು. ಮುಂದಿನ ಮೂರು ಸಭಾಂಗಣಗಳ ಸುತ್ತ ಒಂದು ಮರವೂ ಇಲ್ಲ, ನೆರಳೂ ಇಲ್ಲ. ಹಾಗೆಂದು ಹೆದರಿ ಅವರನ್ನು ಹೋಟೆಲ್‌ನಲ್ಲಿ ಬಿಟ್ಟು ಹೋಗಬೇಡಿ. ತೈಹೆ ನಿಂತಿರುವುದು ಮೂರು ಅಂತಸ್ತಿನ ಅಮೃತಶಿಲೆಯ ಜಗತಿಯ ಮೇಲೆ. ಅದನ್ನು ಹತ್ತಲೇಬೇಕೆಂದಿಲ್ಲ, ಅಂಗಳದಿಂದ ನೋಡಿದಾಗಲೇ ಅದರ ಗಾತ್ರ ತಿಳಿಯುವುದು. ಅಲ್ಲಿಂದ ಹೆಂಡತಿ, ಮಗ ಗೈಡ್ ಜೊತೆ ಮೇಲೆ ಹತ್ತಲಿ. ನೀವು ಅಮ್ಮನ ಜೊತೆ ಅಂಗಳದ ಪೂರ್ವದ ಬಾಗಿಲಿನಿಂದ ಹೊರಗೆ ಹೋಗಿ ಜಿಯಾನ್‌ಟಿಂಗ್ ಎನ್ನುವ ಬಿಲ್ಲುಗಾರಿಕೆ ಮಂಟಪದ ಬಯಲಿಗೆ ಬನ್ನಿ. ಅಲ್ಲಿ ತಿಂಡಿ ಅಂಗಡಿಗಳಿವೆ, ಕೂರಲು ಜಾಗವಿದೆ. ಮುಂದೆ ಉತ್ತರಕ್ಕೆ ನಡೆದರೆ ಟ್ರೆಷರ್ ಗ್ಯಾಲರಿಯ ಬಾಗಿಲು ಹತ್ತಿರವೇ, ಮೆಟ್ಟಿಲುಗಳ ಕಾಟ ಕಡಿಮೆ. ಆ ಗ್ಯಾಲರಿಯ ಉತ್ತರದ ತುದಿಯಿಂದ ಹೊರಟರೆ ಶೆನ್‌ವುಮೆನ್ ಪಕ್ಕಕ್ಕೇ ಬರುತ್ತೀರಿ. ಈ ದಾರಿಯನ್ನು ಬುಕ್ ಮಾಡುವಾಗಲೇ ಹೇಳಿ. ಒಪ್ಪುವ ಗೈಡ್ ನಿಮಗೆ ತಕ್ಕವರು, "ಎಲ್ಲರೂ ಜೊತೆಗೇ ಬರಬೇಕು" ಎನ್ನುವವರು ಬೇಡ. ಒಳಗೆ ಬರುವಲ್ಲಿ ಗಾಲಿಕುರ್ಚಿಯನ್ನೂ ವಿಚಾರಿಸಿ. ಬೇಡವೆಂದು ಅಮ್ಮ ಸಂಕೋಚಪಟ್ಟರೂ ಮಧ್ಯಾಹ್ನದ ಹೊತ್ತಿಗೆ ಬೇಕಾಗಬಹುದು.

ಮಗನ ಜೊತೆ ಮೇಲೆ ಹತ್ತಿದವರು ಒಂದನ್ನು ಮರೆಯಬಾರದು: ಮೂರನೆಯ ಸಭಾಂಗಣವಾದ ಬಾವ್‌ಹೆಯ ಹಿಂಬದಿಯ ಮೆಟ್ಟಿಲ ನಡುವೆ ಮಲಗಿಸಿರುವ ಒಂದೇ ಕಲ್ಲಿನ ಕೆತ್ತನೆ. ಉದ್ದ 16.57 ಮೀಟರ್, ಅಗಲ 3 ಮೀಟರ್‌ಗೂ ಹೆಚ್ಚು, ತೂಕ 200 ಟನ್‌ಗೂ ಮೀರಿದ್ದು. ಬೀಜಿಂಗ್‌ನ ನೈರುತ್ಯದ ಫಾಂಗ್‌ಶಾನ್ ಗಣಿಯಿಂದ ತಂದದ್ದು. ನಡುಚಳಿಗಾಲದಲ್ಲಿ ದಾರಿಯುದ್ದಕ್ಕೂ ಬಾವಿ ತೋಡಿ, ನೀರು ಸುರಿದು ಮಂಜುಗಡ್ಡೆ ಮಾಡಿ, ಅದರ ಮೇಲೆ ಜಾರಿಸಿಕೊಂಡು ಬಂದರು. ಬಹಳಷ್ಟು ಗುಂಪುಗಳು ಇದನ್ನು ನೋಡದೆಯೇ ಪಕ್ಕದ ಮೆಟ್ಟಿಲಿಳಿದು ಹೋಗಿಬಿಡುತ್ತವೆ.

ಟಿಕೆಟ್ ಬಗ್ಗೆ ಹೇಳಲೇಬೇಕು, ಇಲ್ಲಿ ಎಡವಿದರೆ ಉಳಿದದ್ದೆಲ್ಲ ವ್ಯರ್ಥ. ದಿನಕ್ಕೆ ಇಷ್ಟೇ ಮಂದಿ ಎಂಬ ಮಿತಿಯಿದೆ. ಬಾಗಿಲಿಗೆ ಹೋಗಿ ಕೊಳ್ಳುತ್ತೇವೆ ಎಂದುಕೊಳ್ಳಬೇಡಿ. ಏಳು ದಿನ ಮುಂಚೆ, ಬೀಜಿಂಗ್ ಸಮಯ ರಾತ್ರಿ 8 ಗಂಟೆಗೆ, ಅಂದರೆ ನಮ್ಮ ಸಂಜೆ 5:30ಕ್ಕೆ ಬುಕಿಂಗ್ ತೆರೆಯುತ್ತದೆ. ಟಿಕೆಟ್ ಪಾಸ್‌ಪೋರ್ಟ್ ಹೆಸರಿಗೇ ಆಗುವುದರಿಂದ ಮಗನದ್ದೂ ಸೇರಿ ನಾಲ್ಕೂ ಪಾಸ್‌ಪೋರ್ಟ್‌ಗಳ ವಿವರ ಅಕ್ಷರ ತಪ್ಪದಂತೆ ಕೊಡಿ, ಆ ದಿನ ಮೂಲ ಪಾಸ್‌ಪೋರ್ಟ್‌ಗಳನ್ನೇ ಒಯ್ಯಿರಿ, ಜೆರಾಕ್ಸ್ ನಡೆಯದು. ಏಪ್ರಿಲ್‌ನಿಂದ ಅಕ್ಟೋಬರ್ ತನಕ ಪ್ರವೇಶ ದರ 60 ಯುವಾನ್. ಟೂರ್‌ನವರು ಹೇಳುವ ಬೆಲೆಯಲ್ಲಿ ಟಿಕೆಟ್ ಎಷ್ಟು, ಗೈಡ್‌ನದ್ದು ಎಷ್ಟು ಎಂದು ಇದರಿಂದ ಲೆಕ್ಕ ಹಾಕಬಹುದು. ಟ್ರೆಷರ್ ಗ್ಯಾಲರಿ ಟಿಕೆಟ್ ಸೇರಿದೆಯೇ ಎಂದು ಕೇಳುವುದನ್ನು ಬಿಡಬೇಡಿ. ಅರಮನೆಯ ದಕ್ಷಿಣಕ್ಕಿರುವ ಟಿಯಾನನ್‌ಮೆನ್ ಚೌಕಕ್ಕೆ ಬೇರೆಯೇ ಬುಕಿಂಗ್ ಬೇಕು, ಅಲ್ಲಿನ ತಪಾಸಣೆಯ ಸಾಲೂ ಉದ್ದ. ಅಮ್ಮನಿಗಾಗಿ ಚೌಕವನ್ನು ಬಿಟ್ಟು, ಪೂರ್ವದ ಡೊಂಗ್‌ಹ್ವಾಮೆನ್ ಬಾಗಿಲ ಕಡೆಯಿಂದ ಕಂದಕದ ಅಂಚಿನ ದಾರಿಯಲ್ಲಿ ವುಮೆನ್‌ಗೆ ಕರೆತರುವ ಗೈಡ್ ಸಿಕ್ಕರೆ ಒಳ್ಳೆಯದು. ಅಕ್ಟೋಬರ್ ಎಂದಿದ್ದೀರಿ, ತಾರೀಖು ಬರೆದಿಲ್ಲ. 1ರಿಂದ ಒಂದು ವಾರ ಚೀನಾದ ರಾಷ್ಟ್ರೀಯ ದಿನದ ರಜೆ. ಆಗ ದೇಶವೇ ಪ್ರವಾಸ ಹೊರಟಿರುತ್ತದೆ. 10ರ ಮೇಲೆ ಹೋಗಿ, ಹವೆಯೂ ಹಿತವಾಗಿರುತ್ತದೆ.

ಊಟದ ಬಗ್ಗೆ ನೀವು ಕೇಳಿಲ್ಲ. ಸಸ್ಯಾಹಾರಿಗಳಾಗಿದ್ದರೆ ಒಳಗಿನ ಅಂಗಡಿಗಳನ್ನು ನಂಬಿಕೊಳ್ಳದೆ ಚಪಾತಿ, ಹಣ್ಣು ಜೊತೆಗಿಟ್ಟುಕೊಳ್ಳಿ. ಫೋನಿನಲ್ಲಿ ಹಣ ಪಾವತಿಯ ಆ್ಯಪ್ ಅಲಿಪೇ ಹಾಕಿ ಕಾರ್ಡ್ ಜೋಡಿಸಿ ಊರಲ್ಲೇ ಪರೀಕ್ಷಿಸಿಕೊಳ್ಳಿ, ಸ್ವಲ್ಪ ನಗದು ಯುವಾನ್ ಕೂಡ ಇರಲಿ. ಗೂಗಲ್ ಮ್ಯಾಪ್ ಅಲ್ಲಿ ಕೈಕೊಡುತ್ತದೆ.

ಶೆನ್‌ವುಮೆನ್ ದಾಟಿದರೆ ಎದುರಿಗೇ ಜಿಂಗ್‌ಶಾನ್ ಗುಡ್ಡ, ಕಂದಕ ತೋಡಿದ ಮಣ್ಣು ಹಾಕಿ ಎಬ್ಬಿಸಿದ್ದು. ಮಿಂಗ್ ವಂಶದ ಕೊನೆಯ ಚಕ್ರವರ್ತಿ 1644ರಲ್ಲಿ ನೇಣು ಹಾಕಿಕೊಂಡದ್ದು ಇದರ ಬುಡದಲ್ಲೇ. ಮೇಲಿನ ಮಂಟಪದಿಂದ ಅರಮನೆಯ ಹಳದಿ ಸೂರುಗಳೆಲ್ಲ ಒಟ್ಟಿಗೆ ಕಾಣುತ್ತವೆ. ನೀವೂ ಮಗನೂ ಹತ್ತಿ ಬನ್ನಿ, ಅಮ್ಮ ಕೆಳಗಿನ ತೋಟದಲ್ಲಿ ಕೂರಲಿ.

ಅರಮನೆ, ಮಹಾಗೋಡೆ ಒಂದೇ ದಿನದ ಪ್ಯಾಕೇಜ್ ಖಂಡಿತ ಬೇಡ. ಮುಟಿಯಾನ್‌ಯು ಕಡೆಯ ಗೋಡೆ ನಗರದಿಂದ ಸುಮಾರು 70 ಕಿಲೋಮೀಟರ್. ಹೋಗಿಬರಲೇ ಮೂರು ಗಂಟೆಗಿಂತ ಹೆಚ್ಚು. ಉಳಿದ ಹೊತ್ತಿನಲ್ಲಿ ಅರಮನೆಯ ನಡುದಾರಿಯನ್ನಷ್ಟೇ ಓಡಿಸಿಕೊಂಡು ತೋರಿಸುತ್ತಾರೆ, ಪೂರ್ವದ ಅಂಗಳಗಳು ತಪ್ಪಿಹೋಗುತ್ತವೆ, ಅಮ್ಮನಿಗಂತೂ ಶಿಕ್ಷೆ. ಸಾರ್ವಜನಿಕ ರಜೆಯಿಲ್ಲದ ಸೋಮವಾರಗಳಲ್ಲಿ ಅರಮನೆ ಮುಚ್ಚಿರುತ್ತದೆ, ಗೋಡೆಯನ್ನು ಆ ದಿನಕ್ಕೆ ಇಟ್ಟುಕೊಳ್ಳಿ. ಮುಟಿಯಾನ್‌ಯುವಿನಲ್ಲಿ ಕೇಬಲ್ ಕಾರ್ ಇದೆ, ಅಮ್ಮನೂ ಮೇಲೆ ಬಂದು ನೋಡಬಹುದು. ಅರಮನೆಗೆ ಮಂಗಳವಾರ ಅಥವಾ ಬುಧವಾರದ ಬೆಳಗಿನ ಟಿಕೆಟ್ ತೆಗೆದುಕೊಳ್ಳಿ. ನಡುವೆ ಒಂದು ದಿನ ವಿಶ್ರಾಂತಿ ಸಿಗುವಂತಿದ್ದರೆ ಬುಧವಾರವೇ ಸರಿ.